ಗೋಡೆ ತುಂಬ ರಕ್ತಕಣಗಳು

ಬೆಳಿಗ್ಗೆ ತರಕಾರಿ ಹೆಚ್ಚುವಾಗ ಬೆರಳು ಕೊಯ್ದುಕೊಂಡು, ಹತ್ತಿಯಲ್ಲಿ ಸ್ಪಿರಿಟ್ ಅದ್ದಿ ಒರೆಸಿಕೊಂಡೆ. ಆ ಕಟು ವಾಸನೆ ಮೂಗಿಗೆ ಅಡರಿದ್ದೇ ತಡ, ಚಿತ್ತವಾಡ್ಗಿಯ ಗಂಗಮ್ಮ ನೆನಪಾದರು. ನಿಮ್ಮದು ಹೇಗೋ, ನನ್ನ ನೆನಪುಗಳಂತೂ ಮೂಗಿನ ದಾರಿಯಲ್ಲೇ ಬರುವುದು.

ಆಗ ನಾನು ಹೊಸಪೇಟೆಯ ಕಾಲೇಜೊಂದರಲ್ಲಿ ಜೀವಶಾಸ್ತ್ರ ಹೇಳುತ್ತಿದ್ದೆ, ಅಲ್ಲೇ ಚಿತ್ತವಾಡ್ಗಿಯಲ್ಲಿ ಮನೆ. ಜೀವಕೋಶವೆಂದರೇನೆಂದು ನಮ್ಮ ಓಣಿಯವರಿಗೆಲ್ಲ ತಿಳಿಸಬೇಕೆಂಬ ಹುಚ್ಚು. ಒಮ್ಮೆ ಸಮುದಾಯ ಭವನದಲ್ಲಿ ಭಾಷಣವನ್ನೂ ಮಾಡಿದೆ. ಮುಂದಿನ ಸಾಲಿನ ಅಜ್ಜಿ ಗೊರಕೆ ಹೊಡೆದರು. ಉಳಿದವರು ಚಹಾ ಬರುವುದನ್ನೇ ಕಾಯುತ್ತಿದ್ದರು.

ಗಂಗಮ್ಮ ಪಕ್ಕದ ಮನೆಯವರು. ಮಿರ್ಚಿ ಬಜ್ಜಿಯ ಅಂಗಡಿ ಇಟ್ಟಿದ್ದರು. ಮಾತು ಬಾಣಲೆಯ ಎಣ್ಣೆಗಿಂತ ಬಿಸಿ. ಅವರ ಸೊಸೆ ರೇಣುಕಾ ಬಸುರಿ. ನಾಲ್ಕು ಹೆಜ್ಜೆಗೇ ಏದುಸಿರು, ಮುಖವೆಲ್ಲ ಬಿಳಿಚಿತ್ತು. ಹೀಗೇ ಬಿಟ್ಟರೆ ಹೆರಿಗೆ ಕಷ್ಟವೆಂದು ಆಸ್ಪತ್ರೆಯವರು ಹೇಳಿ ಕೊಟ್ಟ ಕಬ್ಬಿಣದ ಮಾತ್ರೆಗಳು ಡಬ್ಬಿಯಲ್ಲೇ ಕೂತಿದ್ದವು.

"ಅವು ಬ್ಯಾಡ್ರಿ ಮೇಡಂ. ತಿಂದ್ರ ಕೂಸು ಕರ್ರಗ ಹುಟ್ತೈತಂತ."

ಹಾಗೇನಿಲ್ಲವೆಂದು ಎಷ್ಟು ಹೇಳಿದರೂ ಗಂಗಮ್ಮ ಕೇಳಲಿಲ್ಲ. ರೇಣುಕಾ ಅತ್ತೆಯ ಮುಖ ನೋಡಿ ಡಬ್ಬಿಯ ಮುಚ್ಚಳ ಬಿಗಿದಳು.

ಆಮೇಲೆ ನಾನು ಮಾತನ್ನೇ ಬಿಟ್ಟೆ. ಒಂದು ಭಾನುವಾರ ಕಾಲೇಜಿನ ಸೂಕ್ಷ್ಮದರ್ಶಕವನ್ನು ಕೇಳಿ ತಂದು, ಅದರ ಕ್ಯಾಮೆರಾವನ್ನು ಪ್ರೊಜೆಕ್ಟರಿಗೆ ಜೋಡಿಸಿ, ಭವನದ ಕಿಟಕಿಗಳನ್ನು ಮುಚ್ಚಿದೆ. ಓಣಿಯ ಹೆಂಗಸರೆಲ್ಲ ಬಂದರು. ಪರಿಚಯದ ನರ್ಸ್ ಒಬ್ಬರು ಸ್ಪಿರಿಟ್ ಹಚ್ಚಿ ಅತ್ತೆ ಸೊಸೆಯರ ಬೆರಳು ಚುಚ್ಚಿದರು. ಹನಿಗಳನ್ನು ಗಾಜಿನ ಮೇಲೆ ಸವರಿ, ಬಣ್ಣ ಹಾಕಿ ಒಣಗಿಸಿದೆ.

ಗೋಡೆ ತುಂಬ ಗಂಗಮ್ಮನ ರಕ್ತಕಣಗಳು ಮೂಡಿದವು. ದುಂಡಗೆ, ತುಂಬಿಕೊಂಡು, ಜಾತ್ರೆಯ ಜನದಂತೆ.

"ಅಯ್ಯ! ನನ್ನೊಳಗ ಇಷ್ಟು ಮಂದಿ ಅದಾರೇನ್ರಿ!"

ಎಲ್ಲರೂ ಬಿದ್ದು ಬಿದ್ದು ನಕ್ಕರು. ಗಾಜು ಬದಲಿಸಿದೆ. ರೇಣುಕಾಳ ಕಣಗಳು ಸಣ್ಣವು. ಅಂಚಿನಲ್ಲಷ್ಟೇ ಬಣ್ಣ, ನಡುವೆಲ್ಲ ಖಾಲಿ, ಚೆಲ್ಲಿದ ಬಳೆಗಳ ಹಾಗೆ. ನಗು ಥಟ್ಟನೆ ನಿಂತಿತು.

"ಇವ್ಯಾಕ್ರಿ ಹಿಂಗ?" ಗಂಗಮ್ಮನ ದನಿ ಇಳಿದಿತ್ತು.

"ಕಬ್ಬಿಣ ಕಡಿಮಿ ಐತ್ರಿ. ಉಸಿರನ್ನ ಹೊರೋ ಬಂಡಿ ಇವು. ಖಾಲಿ ಬಂಡಿ ಕೂಸಿಗೆ ಏನು ಒಯ್ತಾವ?"

ಗಂಗಮ್ಮ ಎದ್ದು ಹೋಗಿ ಗೋಡೆಯ ಮೇಲಿನ ಒಂದು ಕಣವನ್ನು ಅಂಗೈಯಿಂದ ಸವರಿದರು. ಆಮೇಲೆ ಸೊಸೆಯ ಕಡೆ ತಿರುಗಿದರು. "ಕೂಸು ಕರ್ರಗಿದ್ರೂ ನಂದ, ಬೆಳ್ಳಗಿದ್ರೂ ನಂದ. ನೀ ಮೊದ್ಲು ಗಟ್ಟಿಯಾಗ್ಬೇಕಲೇ. ನಡಿ, ಮಾತ್ರಿ ತಗೋ."

ಕೆಲವು ತಿಂಗಳ ಮೇಲೆ ಮತ್ತೆ ಅದೇ ಗೋಡೆಯ ಮೇಲೆ ರೇಣುಕಾಳ ರಕ್ತ ನೋಡಿದೆವು. ಕಣಗಳು ತುಂಬಿಕೊಂಡಿದ್ದವು! ಗಂಗಮ್ಮ ಎರಡು ಬೆರಳು ಬಾಯಿಗಿಟ್ಟು ಶಿಳ್ಳೆ ಹೊಡೆದರು. ಹೆರಿಗೆಯೂ ಸುಸೂತ್ರವಾಯಿತು, ಹೆಣ್ಣು ಕೂಸಿನ ಅಳು ಆಸ್ಪತ್ರೆಯ ವರಾಂಡದ ತುದಿಗೂ ಕೇಳಿಸಿತು.

ಆಮೇಲೆ ತಮ್ಮೂರಲ್ಲೂ ತೋರಿಸಿರೆಂದು ಕಮಲಾಪುರದವರು ಕರೆದರು, ಸಂಡೂರಿನವರು ಕರೆದರು. ಸೂಕ್ಷ್ಮದರ್ಶಕ ನಡೆಸಲು ಕಲಿತ ರೇಣುಕಾಳೇ ಈಗ ಎಲ್ಲವನ್ನೂ ತೋರಿಸುತ್ತಾಳೆ. ನಾನು ಹಿಂದೆ ಕೂತು ಹಿಗ್ಗುವವಳು. ಇವತ್ತು ಕಂಪ್ಲಿಯ ಸರದಿ. ಬೆರಳಿಗೆ ಪಟ್ಟಿ ಸುತ್ತುತ್ತಿದ್ದಾಗಲೇ, ಮುಂಚೆಯೇ ಹೋಗಿದ್ದ ಅವಳ ಫೋನು ಬಂತು.

"ಜಲ್ದಿ ಬರ್ರಿ ಮೇಡಂ! ಕಿಟಕಿ ಮುಚ್ಚೋಣಂದ್ರ ಅಲ್ಲೂ ಮಂದಿ ನಿಂತಾರ!"