ರಾಜನಿಗೆ ದನಿ ಹುಡುಕಿದ್ದು

ಅಳವಂಡಿಯ ಲಕ್ಷ್ಮಣಪ್ಪ ಬಯಲಾಟದಲ್ಲಿ ರಾಜನಾಗಿ ನಿಂತು ಬಾಯಿ ತೆರೆದರೆ ಊರಾಚೆಯ ಹೊಲದಲ್ಲಿ ಮಲಗಿದವರೂ ಎದ್ದು ಕೂಡುತ್ತಿದ್ದರಂತೆ. ಅಂಥ ಕಂಠ. ಗಂಟಲಿನ ಆಪರೇಷನ್ ಆದಮೇಲೆ ಅದೇ ಹೋಯಿತು. ಈಗ ಮುದುಕನದು ಕೈಸನ್ನೆಯ ಸಂಸಾರ. ಸಿಟ್ಟು ಬಂದರೆ ಕೋಲಿನಿಂದ ನೆಲ ಕುಟ್ಟುತ್ತಾನೆ.

ಗಂಗಾವತಿಯಲ್ಲಿ ಮದುವೆ ವಿಡಿಯೊ ಮಾಡುವ ಶಬ್ಬೀರನಿಗೆ ಒಂದು ಹುಚ್ಚು. ಹಳೆಯ ವಿಡಿಯೊ ಕ್ಯಾಸೆಟ್ಟಿನ ಚಿತ್ರಗಳಿಗೆ ಬೇರೆಯದೇ ಸಪ್ಪಳ ಜೋಡಿಸಿ ಸಿನಿಮಾ ಮಾಡುತ್ತಾನೆ. ಒಮ್ಮೆ ಮದುವೆ ಊಟದ ಪಂಕ್ತಿಗೆ ಭತ್ತದ ಮಿಲ್ಲಿನ ಸದ್ದು ಹಾಕಿದ್ದ. ನೋಡಿದವರು ಮೊದಲು ನಕ್ಕರು, ಆಮೇಲೆ ಇನ್ನೊಮ್ಮೆ ಹಾಕು ಅಂದರು. ಅವನ ತಂದೆ ಹಿಂದೆಂದೋ ತೆಗೆದ ಅಳವಂಡಿಯ ಬಯಲಾಟವೂ ಆ ಕ್ಯಾಸೆಟ್ಟುಗಳ ರಾಶಿಯಲ್ಲಿ ಸಿಕ್ಕಿತು. ಚಿತ್ರ ನೆಟ್ಟಗಿತ್ತು. ಟೇಪಿನ ಅಂಚು ಸವೆದು ದನಿ ಮಾತ್ರ ಅಳಿಸಿತ್ತು.

ಶಬ್ಬೀರ ಮನೆಗೇ ಬಂದು ಲ್ಯಾಪ್‌ಟಾಪಿನಲ್ಲಿ ತೋರಿಸಿದ. ಕಿರೀಟ ತೊಟ್ಟ ಹರೆಯದ ತಾನು ಬಾಯಿ ತೆರೆದು ಮುಚ್ಚುವುದನ್ನು ಲಕ್ಷ್ಮಣಪ್ಪ ರೆಪ್ಪೆ ಬಡಿಯದೆ ನೋಡಿದ.

"ಕುಷ್ಟಗಿ ನಾಟಕದಾಂವ ಒಬ್ಬ ದನಿ ಕೊಟ್ಟಾನ, ಕೇಳ್ರಿ ಕಾಕಾ."

ಕೋಲು ಕುಟ್ಟಿತು. ಶಬ್ಬೀರ ಇನ್ನೊಬ್ಬನ ದನಿ ಕೇಳಿಸಿದ. ಮತ್ತೂ ಜೋರಾಗಿ ಕುಟ್ಟಿತು. ತನ್ನ ಬಾಯೊಳಗೆ ಕಂಡವರ ದನಿ ಕೂಡುವುದಾದರೆ ಸಿನಿಮಾನೇ ಬೇಡ ಎಂದು ಮುದುಕ ಕೈಯಾಡಿಸಿಬಿಟ್ಟ. ಅವನು ಒಪ್ಪದೆ ಶಬ್ಬೀರ ಮುಂದುವರಿಯುವವನಲ್ಲ. ದನಿಯಿಲ್ಲದ ಚಿತ್ರ ಮಾತ್ರ ಓಡುತ್ತಲೇ ಇತ್ತು.

ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದ ಹೆಂಡತಿ ಕಸ್ತೂರೆಮ್ಮ ಅತ್ತ ಒಂದು ಕಣ್ಣಿಟ್ಟು, ಕೈ ನಿಲ್ಲಿಸದೆ ಅಂದಳು: "ಎಲೈ ಸಾರಥಿ, ನನ್ನ ಪ್ರಜೆಗಳು ಉಂಡು ಉಟ್ಟು ಸುಖದಿಂದಿರುವರೆ?"

ರಾಜನ ತುಟಿಗೂ ಅವಳ ಮಾತಿಗೂ ಕೂದಲೆಳೆಯ ಅಂತರವಿರಲಿಲ್ಲ.

"ಕಾಕಿ, ಇದೆಲ್ಲಾ ನಿಮಗ ಹೆಂಗ ಬರ್ತೈತ್ರಿ?"

"ಬರದ ಏನ್ ಮಾಡ್ತೈತಿ? ತಾಲೀಮು ಅಂತ ಮನಿತುಂಬ ಅಡ್ಡ್ಯಾಡಿ ಒದರ್ತಿದ್ದ ಈ ರಾಜಾ. ಮಾತು ಮರತ್ರ ಒಲಿ ಮುಂದಿಂದ ನಾನ ಎತ್ತಿ ಕೊಡಾಕಿ."

"ಹಂಗಾರ ನೀವ ಹೇಳ್ರಿ. ರೊಟ್ಟಿ ಸಪ್ಪಳಾನೂ ಇರ್ಲಿ."

"ರಾಜಗ ಹೆಂಗಸಿನ ದನಿ? ಮಂದಿ ನಗೂದಿಲ್ಲೇನೋ?"

"ಮಂದಿ ನಗಲಿ. ಮದಲ ಕಾಕಾ ಏನಂತಾರ ನೋಡೂಣು."

ಇಬ್ಬರೂ ಲಕ್ಷ್ಮಣಪ್ಪನ ಕಡೆ ತಿರುಗಿದರು. ಅವನು ಕೋಲನ್ನು ಗೋಡೆಗೆ ಆನಿಸಿಟ್ಟು, ಲ್ಯಾಪ್‌ಟಾಪನ್ನು ಹೆಂಡತಿಗೆ ಕಾಣುವಂತೆ ತಿರುಗಿಸಿ, ಮೊದಲಿಂದ ಹಚ್ಚು ಎಂದು ಬೆರಳು ಸುತ್ತಿಸಿ ತೋರಿಸಿದ.

ಯುದ್ಧದ ಮಾತಿಗೆ ಬಂದಾಗ ಕಸ್ತೂರೆಮ್ಮ ಅವಸರ ಮಾಡಿದಳು. ಮುದುಕ ತಲೆಯಾಡಿಸಿದ. ಎರಡನೆಯ ಸಲವೂ ಹಾಗೇ ಆಯಿತು. ಆಗ ಅಂಗೈ ಎತ್ತಿ ಅವಳನ್ನು ತಡೆದು, ಚಿತ್ರದೊಳಗಿನ ಬಾಯಿ ತೆರೆಯುವವರೆಗೆ ಕಾದು, ಕೈ ಇಳಿಸಿದ.

"ನೋಡಪಾ, ದನಿ ಹೋದ್ರೂ ತಾಲೀಮು ಬಿಡವಲ್ಲ," ಎಂದು ಕಸ್ತೂರೆಮ್ಮ ಇನ್ನೊಂದು ಮುದ್ದೆ ಹಿಟ್ಟು ನಾದತೊಡಗಿದಳು. ರೊಟ್ಟಿಗಳಾಗಲೇ ಮನೆಗೆ ಬೇಕಾದದ್ದಕ್ಕಿಂತ ಹೆಚ್ಚಾಗಿದ್ದವು.