ಇನ್ನೊಬ್ಬಳ ದನಿಯಲ್ಲಿ ಮೂರು ವರ್ಷ

ಕುದುರೆ ಸೀರಿಯಲ್ ಮುಗಿದ ವಾರವೇ ನನಗೆ ಹೆದರಿಕೆ ಶುರುವಾಯಿತು. ಹೈದರಾಬಾದಿನ ಹೊರಗೆ ಬಂಡೆಗಲ್ಲುಗಳ ನಡುವೆ ಮರದ ಹಲಗೆಗಳಿಂದ ಒಂದು ಸುಳ್ಳು ಊರು ಕಟ್ಟಿ, ಹ್ಯಾಟು, ಬಂದೂಕು, ಧೂಳು ಎಲ್ಲ ಸೇರಿಸಿ ಮೂರು ವರ್ಷ ತೆಲುಗಿನಲ್ಲಿ ತೆಗೆದ ಸೀರಿಯಲ್ ಅದು. ಅದರಲ್ಲಿ ನಾನು ಆ ಊರಿನ ಚಹಾದಂಗಡಿಯ ವಿಧವೆ. ಡಕಾಯಿತರು ಬಂದಾಗಲೆಲ್ಲ ಒಲೆಯ ಹಿಂದಿನಿಂದ ಬಂದೂಕು ಎತ್ತಿಕೊಂಡು ಗುಡುಗುವವಳು. ನಿಜದಲ್ಲಿ ನಾನು ಹಲ್ಲಿ ಕಂಡರೆ ಮಂಚ ಹತ್ತುವ ಹೆಂಗಸು.

ಸೆಟ್ ಬಿಚ್ಚಿದ ಮೇಲೆ ಒಬ್ಬೊಬ್ಬರು ಒಂದೊಂದು ದಾರಿ ಹಿಡಿದರು. ಠಾಣೇದಾರನಾಗಿದ್ದ ಹೀರೋ ಜಿಲ್ಲೆಜಿಲ್ಲೆ ತಿರುಗಿ ಸೀರೆ ಅಂಗಡಿಗಳ ರಿಬ್ಬನ್ ಕತ್ತರಿಸತೊಡಗಿದ. ಹ್ಯಾಟು ಹಾಕಿಕೊಂಡೇ ಬರಬೇಕು ಎಂದು ಕರೆಯುವವರ ಕರಾರು. ಡಕಾಯಿತರ ನಾಯಕ ಮಾದಾಪುರದಲ್ಲಿ ಇಡ್ಲಿ ಬಂಡಿ ಇಟ್ಟ. ಅವನ ಉಪ್ಪಿಟ್ಟು ಅವನ ನಟನೆಗಿಂತ ಎಷ್ಟೋ ಮೇಲಿತ್ತು, ಹಾಗೆಂದರೆ ಅವನೂ ನಗುತ್ತಿದ್ದ. ಕುದುರೆಗಳು ಮದುವೆ ಮೆರವಣಿಗೆಗೆ ಹೋದವು. ನಾನು ಬಾಲಾನಗರದ ನಮ್ಮ ಮನೆಯಲ್ಲಿ, ಗಂಡ ಫ್ಯಾಕ್ಟರಿಗೆ ಹೊರಟ ಮೇಲೆ, ಹೊಸ ಕೆಲಸದ ಕರೆಗಾಗಿ ಫೋನಿನ ಮುಂದೆ ಕೂತೆ. ಎಂಟು ತಿಂಗಳು ಹಾಗೇ ಕೂತೆ.

ಫೋನ್ ಏಕೆ ಬರುತ್ತಿಲ್ಲ ಎಂಬುದು ಗೊತ್ತಿತ್ತು. ನಾನು ವಿಜಯಪುರದ ಕಡೆಯವಳು, ನನ್ನ ತೆಲುಗು ತರಕಾರಿ ಕೊಳ್ಳುವಷ್ಟು ಮಾತ್ರ. ಸೆಟ್ಟಿನಲ್ಲಿ ನಮ್ಮಂಥ ಕನ್ನಡದವರಿಗೆಲ್ಲ ಪ್ರಾಂಪ್ಟಿಂಗ್. ಅಂದರೆ ಕ್ಯಾಮೆರಾದ ಹಿಂದೆ ಒಬ್ಬ ಸಹಾಯಕ ನಿಂತು ಮಾತನ್ನು ತುಂಡುತುಂಡಾಗಿ ಹೇಳಿಕೊಡುತ್ತಾನೆ, ನಾವು ಗಿಳಿಯ ಹಾಗೆ ಅದನ್ನೇ ಒಪ್ಪಿಸುತ್ತೇವೆ. ಆಮೇಲೆ ಸ್ಟುಡಿಯೋದಲ್ಲಿ ಒಬ್ಬ ಡಬ್ಬಿಂಗ್ ಕಲಾವಿದೆ ನನ್ನ ತುಟಿ ನೋಡುತ್ತ ತನ್ನ ದನಿ ಹಾಕುತ್ತಾಳೆ. ಅವಳದು ತುಂಬಿದ, ಗಟ್ಟಿ ದನಿ. ನನ್ನದು ತೆಳು, ಸ್ವಲ್ಪ ಮೂಗಿನದು. ಮೂರು ವರ್ಷ ದಿನಾ ಸಂಜೆ ಟಿವಿಯಲ್ಲಿ ನನ್ನ ಬಾಯಿಂದ ಆ ದನಿ ಹೊರಡುವುದನ್ನು ಕೇಳಿ ಕೇಳಿ ನಾನೊಂದು ಎಡವಟ್ಟು ಮಾಡಿಕೊಂಡೆ. ಅದು ನನ್ನದೇ ದನಿ ಎಂದು ನಂಬಿಬಿಟ್ಟೆ. ನಮ್ಮ ಕಸುಬಿನವರಲ್ಲದೆ ಬೇರೆ ಯಾರೂ ಇಂಥ ತಪ್ಪು ಮಾಡಲಾರರು.

ಒಮ್ಮೆ ಕೋಠಿಯ ಒಂದು ಆಸ್ಪತ್ರೆಯಲ್ಲಿ ಗಂಡನ ರಕ್ತ ಪರೀಕ್ಷೆಗೆಂದು ಕೂತಿದ್ದೆವು. ಗೋಡೆಯ ಮೇಲಿನ ಸ್ಪೀಕರಿನಿಂದ ಆ ದನಿ ಬಂತು. ನನ್ನ ಚಹಾದಂಗಡಿಯ ವಿಧವೆ ಶಾಂತವಾಗಿ ಟೋಕನ್ ನಂಬರು ಕೂಗುತ್ತಿದ್ದಳು. ಸೀರಿಯಲ್ ಮುಗಿದ ಮೇಲೆ ಆ ಡಬ್ಬಿಂಗ್ ಕಲಾವಿದೆಗೆ ಇಂಥ ಕೆಲಸ ಸಿಕ್ಕಿರಬೇಕು. ನನ್ನ ಬಾಯಿ ಮುಚ್ಚಿದೆಯೋ ಇಲ್ಲವೋ ಎಂದು ಬೆರಳಿನಿಂದ ಮುಟ್ಟಿ ನೋಡಿಕೊಂಡೆ.

ಅದಾದ ಕೆಲವು ದಿನಕ್ಕೆ ಮಾದಾಪುರದಿಂದ ಒಬ್ಬರು ಫೋನ್ ಮಾಡಿದರು. ಇಡ್ಲಿ ಬಂಡಿಯ ಗಿರಾಕಿಯಂತೆ, ನಂಬರು ಅಲ್ಲಿಂದಲೇ ಸಿಕ್ಕಿತಂತೆ.

“ಅಕ್ಕಾರ, ನಾವು ಮೂಲ ಕಲಬುರಗಿ ಕಡೆಯವರು. ನಮ್ಮವ್ವಗ ತೆಲುಗು ಛಲೋ ತಿಳೀತೈತಿ, ನಿಮ್ಮ ಸೀರಿಯಲ್ ಅಂದ್ರ ಜೀವ ನೋಡ್ರಿ. ಅದು ಮುಗದಾಗಿಂದ ಊಟಾನೂ ಸರಿ ಮಾಡವಲ್ಲಳು. ದಿನಾ ಎರಡ ತಾಸು ಬಂದು ಆಕಿ ಜೋಡಿ ಕೂಡ್ತೀರೇನ್ರಿ? ಪೇಪರ್ ಓದೂದು, ಮಾತಾಡೂದು, ಅಷ್ಟ. ಆಕಿ ಕಣ್ಣು ಸ್ವಲ್ಪ ಮಂಜಾಗ್ಯಾವು.”

ನಾನು ತಡಮಾಡದೆ ಒಪ್ಪಿಕೊಂಡೆ. ಮರುದಿನ ಅಮೀರ್‌ಪೇಟೆಯಲ್ಲಿ ಮೆಟ್ರೋ ಬದಲಿಸಿ, ಸೀರಿಯಲ್ಲಿನಲ್ಲಿದ್ದ ಹಾಗೇ ಕುಂಕುಮವಿಲ್ಲದ ಬೋಳು ಹಣೆ ಮಾಡಿಕೊಂಡು ಹೋದೆ. ಗಂಡ ಬದುಕಿರುವಾಗ ಇದೆಂಥ ವೇಷ ಎಂದು ನನ್ನ ತಾಯಿ ಇದ್ದಿದ್ದರೆ ಬೆನ್ನಿಗೆ ಬಾರಿಸುತ್ತಿದ್ದಳು.

ಅವ್ವ ಕಿಟಕಿಯ ಪಕ್ಕದ ಕುರ್ಚಿಯಲ್ಲಿದ್ದರು. ಮಗ “ಅವ್ವಾ, ಬಂದಾರ” ಎಂದಾಗ ಅವರು ನಗುತ್ತ ಮುಖ ತಿರುಗಿಸಿದ್ದು ಫ್ರಿಜ್ಜಿನ ಕಡೆಗೆ. ಆಗ ನನಗೆ ತಿಳಿಯಿತು. ಅವರಿಗೆ ಏನೂ ಕಾಣುತ್ತಿರಲಿಲ್ಲ. ಐದು ವರ್ಷದಿಂದ ಹಾಗೇ ಅಂತೆ. ಮಗನಿಗೆ ಅದನ್ನು ಬಾಯಿಬಿಟ್ಟು ಹೇಳಲು ಇನ್ನೂ ಧೈರ್ಯವಿರಲಿಲ್ಲ. ಸೀರಿಯಲ್ಲನ್ನು ಅವರು ಮೊದಲ ದಿನದಿಂದ ಕೊನೆಯ ದಿನದವರೆಗೆ ಬರೀ ಕೇಳಿದ್ದರು. ನಾನು ಹೊತ್ತು ತಂದದ್ದು ಮುಖವೊಂದನ್ನೇ, ಅದು ಆ ಮನೆಯಲ್ಲಿ ಕೆಲಸಕ್ಕೆ ಬರುವಂತಿರಲಿಲ್ಲ.

“ಮಾತಾಡ ನನ್ನವ್ವ,” ಎಂದರು. “ನಿನ್ನ ದನಿ ಕೇಳಬೇಕಂತ ಎಂಟ ತಿಂಗಳಿಂದ ಕಾಯಾಕತ್ತೀನಿ.”

ಹಳೆಯ ಚಾಳಿ, ಕಣ್ಣು ತಾನಾಗಿ ಅವರ ಕುರ್ಚಿಯ ಹಿಂದೆ ಹೋಯಿತು. ಹೇಳಿಕೊಡಲು ಅಲ್ಲಿ ಯಾರೂ ಇರಲಿಲ್ಲ, ಒಂದು ಕ್ಯಾಲೆಂಡರ್ ನೇತಾಡುತ್ತಿತ್ತು. ಕೊನೆಗೆ ಪಿಸುದನಿಯಲ್ಲಿ, “ಗಂಟಲಾ ಹಿಡದೈತ್ರಿ ಅವ್ವಾರ” ಎಂದೆ.

“ಹಂಗಾರ ಸುಮ್ಮನ ಕೂಡು. ಬಿಸಿನೀರು ಕುಡಿ,” ಎಂದು ಅವರೇ ನನಗೆ ಸಮಾಧಾನ ಹೇಳಿದರು.

ಪಿಸುಗುಟ್ಟಿದರೆ ಎಲ್ಲರ ದನಿಯೂ ಒಂದೇ ಎಂದು ಆ ದಿನ ಕಂಡುಕೊಂಡೆ. ಹತ್ತು ದಿನ ಅದರಲ್ಲೇ ಕಳೆದೆ. ಪಿಸುಗುಟ್ಟುತ್ತ ಪೇಪರ್ ಓದಿದೆ, ಪಿಸುಗುಟ್ಟುತ್ತ ಊಟ ಮಾಡಿಸಿದೆ. ಅವರು ದಿನಾ ನನಗೆ ಅರಿಸಿನ, ಮೆಣಸು ಹಾಕಿದ ಹಾಲು ಮಾಡಿಸಿಡುತ್ತಿದ್ದರು. ಮೆಟ್ರೋ ಮಾದಾಪುರ ಹತ್ತಿರವಾದಂತೆ ಹಿಡಿದ ಕಂಬ ಬೆವರಿಗೆ ಜಾರುತ್ತಿತ್ತು. ನಿಜ ಹೇಳಿಬಿಡಬಹುದಿತ್ತು. ಹೇಳಿದರೆ ಎಂಟು ತಿಂಗಳ ಮೇಲೆ ಸಿಕ್ಕ ಕೆಲಸ ಹೋಗುತ್ತಿತ್ತು. ಅದಕ್ಕಿಂತ ದೊಡ್ಡ ಹೆದರಿಕೆ ಇನ್ನೊಂದಿತ್ತು. ನನ್ನನ್ನು ಆ ಗಟ್ಟಿಗಿತ್ತಿ ಎಂದು ನಂಬಿದ್ದ ಕೊನೆಯ ಮನೆ ಅದು. ಅಲ್ಲಿಂದಲೂ ಹೊರಬಿದ್ದರೆ ಆ ಮೂರು ವರ್ಷ ನಾನೇನು ಮಾಡಿದೆ ಎಂದು ನನಗೇ ಗೊತ್ತಾಗುತ್ತಿರಲಿಲ್ಲ.

ತಡೆಯಲಾರದೆ ಆ ಡಬ್ಬಿಂಗ್ ಕಲಾವಿದೆಗೆ ಫೋನ್ ಮಾಡಿದೆ. ನಾವಿಬ್ಬರೂ ಭೇಟಿಯಾದದ್ದು ಎರಡೇ ಸಲ, ಮಾತೆಲ್ಲ ಹಿಂದಿಯಲ್ಲಿ. ಒಂದು ದಿನ ಬಂದು ನನ್ನ ಪಕ್ಕ ಕೂತು ನಾಲ್ಕು ಮಾತಾಡಿ ಹೋಗು ಎಂದು ಬೇಡಿಕೊಂಡೆ. ಅವಳು ಮೊದಲು ನಕ್ಕಳು, ಆಮೇಲೆ ರೇಗಿದಳು. ಮೂರು ವರ್ಷದಲ್ಲಿ ನಿನ್ನ ತುಟಿ ಒಂದು ದಿನವೂ ಸಮಯಕ್ಕೆ ಮುಚ್ಚಲಿಲ್ಲ, ನಿನ್ನ ಹಿಂದೆ ಓಡಿ ಓಡಿ ನನ್ನ ಗಂಟಲು ಹಾಳಾಯಿತು ಎಂದಳು. ನೀನು ಅಳುವ ಸೀನು ಬಂದಾಗಷ್ಟೇ ನನಗೆ ಚಹಾ ಕುಡಿಯಲು ಪುರುಸೊತ್ತು, ಅಳುವಿಗೆ ಶೂಟಿಂಗಿನಲ್ಲಿ ಹಿಡಿದ ನಿನ್ನ ಸದ್ದನ್ನೇ ಇಟ್ಟುಬಿಡುತ್ತಿದ್ದರು ಎಂದೂ ಹೇಳಿದಳು. ಆ ಮಾತು ನನ್ನ ತಲೆಗೆ ಹತ್ತಲಿಲ್ಲ. ನನಗೆ ಬೇಕಾದದ್ದು ಅವಳ ದನಿ. ಬರುವುದಿಲ್ಲ, ಬೇಕಾದರೆ ನೀನೇ ದನಿ ಇಳಿಸಿ ಅಭ್ಯಾಸ ಮಾಡು ಎಂದು ಫೋನ್ ಇಟ್ಟಳು.

ಅಭ್ಯಾಸ ಮಾಡಿದೆ. ಅಡಿಗೆಮನೆಯಲ್ಲಿ ಕುಕ್ಕರಿನ ಸೀಟಿಯ ಮರೆಯಲ್ಲಿ ಗುಡುಗಿದೆ. ಬಚ್ಚಲಿನಿಂದ ಗಂಡ, “ಯಾರ ಬಂದಾರ? ಆಮ್ಯಾಲ ಬರಾಕ ಹೇಳು” ಎಂದು ಕೂಗಿದರು. ಹಾಗಾದರೆ ದನಿ ಒಲಿಯಿತು ಎಂದುಕೊಂಡೆ.

ಹನ್ನೊಂದನೆಯ ದಿನ ಮನೆಯಲ್ಲಿ ಅವ್ವ ಮತ್ತು ನಾನು ಇಬ್ಬರೇ. ಅವರು, “ನಾಳೆ ನನ್ನ ಮಗಾ ನಿನ್ನ ಗಂಟಲ ಡಾಕ್ಟರ್ ಕಡೆ ಕರಕೊಂಡ ಹೋಗ್ತಾನ. ಇಷ್ಟು ದಿನಾ ಹಿಡಿಯೂ ಗಂಟಲಾ ಛಲೋ ಅಲ್ಲ” ಎಂದರು. ಡಾಕ್ಟರು ಬಾಯಿ ತೆರೆಸಿ ನೋಡಿ ಏನೂ ಆಗಿಲ್ಲ ಎಂದರೆ ಮುಗಿಯಿತು. ಇನ್ನು ದಾರಿಯಿಲ್ಲ ಎಂದು ಎದ್ದು ನಿಂತೆ. ಉಸಿರು ತುಂಬಿಕೊಂಡು, ದನಿ ಇಳಿಸಿ, ಡಕಾಯಿತರನ್ನು ಅಂಗಡಿಯಿಂದ ಓಡಿಸಿದ ಆ ಮಾತನ್ನು ತೆಲುಗಿನಲ್ಲಿ ಗುಡುಗಿದೆ.

ಅವರ ಕೈಯಲ್ಲಿದ್ದ ಹಾಲಿನ ಲೋಟ ಅರ್ಧಕ್ಕೇ ನಿಂತಿತು. ಮುಖದ ನಗು ಒಮ್ಮೆಲೇ ಇಳಿಯಿತು.

“ಯಾರವ್ವ ನೀ?” ಎಂದರು. “ಮನ್ಯಾಗ ಯಾರ ಬಂದೀರಿ? ಆಕಿ ಎಲ್ಲಿ?”

ಅವರು ಸೆರಗು ಎಳೆದುಕೊಂಡು ಕುರ್ಚಿಯಲ್ಲಿ ಹಿಂದೆ ಸರಿದರು. ಒಂದು ಕೈ ಮೇಜಿನ ಮೇಲೆ ಫೋನಿಗಾಗಿ ತಡಕಾಡುತ್ತಿತ್ತು. ಹತ್ತು ದಿನ ನನ್ನ ಹೆದರಿಕೆಯನ್ನೇ ಮುದ್ದು ಮಾಡಿಕೊಂಡು ಕೂತಿದ್ದೆ. ಕಣ್ಣು ಕಾಣದ ಮುದುಕಿ ಅಪರಿಚಿತಳೊಬ್ಬಳ ಜೊತೆ ಒಂಟಿಯಾಗಿ ಮನೆಯಲ್ಲಿದ್ದೇನೆ ಎಂದುಕೊಂಡರೆ ಅವಳ ಗತಿಯೇನು ಎಂದು ಒಮ್ಮೆಯೂ ಯೋಚಿಸಿರಲಿಲ್ಲ. ಆ ಮನೆಗೆ ನುಗ್ಗಿದ ಡಕಾಯಿತ ನಾನೇ ಆಗಿದ್ದೆ.

“ನಾನ ರೀ ಅವ್ವಾರ, ದಿನಾ ಬರಾಕಿ,” ಎಂದೆ, ನನ್ನ ಮೂಗಿನ ದನಿಯಲ್ಲಿ. ಅವರಿಗೆ ಅದೂ ಮತ್ತೊಂದು ಹೊಸ ದನಿ. ಇನ್ನಷ್ಟು ಬೆದರಿ, “ಎಷ್ಟು ಮಂದಿ ಅದೀರಿ?” ಎಂದರು. ಡಬ್ಬಿಂಗ್, ಪ್ರಾಂಪ್ಟಿಂಗ್, ಗಂಟಲಿನ ಸುಳ್ಳು ಎಲ್ಲವನ್ನೂ ಒಂದೇ ಉಸಿರಿಗೆ ಒದರಿದೆ. ಅವರ ಕೈ ತಡಕಾಡುತ್ತಲೇ ಇತ್ತು, ಇನ್ನೊಂದು ಕೈಯ ಲೋಟ ಜಾರಿ ಹಾಲು ಚೆಲ್ಲಿತು. ಅದನ್ನು ನೋಡಿ ನನಗೆ ತಡೆಯಲಾಗಲಿಲ್ಲ. ನೆಲದ ಮೇಲೆ ಕುಸಿದು ಅತ್ತುಬಿಟ್ಟೆ. ನಾಚಿಕೆಗೆಟ್ಟು, ಬಿಕ್ಕಿ ಬಿಕ್ಕಿ ಅತ್ತೆ.

ತಡಕಾಡುತ್ತಿದ್ದ ಕೈ ನಿಂತಿತು. ಅವರು ತಲೆ ವಾಲಿಸಿ ನನ್ನ ಅಳುವನ್ನು ಆಲಿಸಿದರು.

“ನಿಲ್ಲಸಬ್ಯಾಡ,” ಎಂದರು ಮೆಲ್ಲಗೆ. “ಗಂಡನ್ನ ಗುಂಡ ಹಾಕಿ ಕೊಂದಾಗ ಹಿಂಗ ಅತ್ತಿದ್ದಿ. ಬಾವಿ ಕಟ್ಟಿ ಮ್ಯಾಲ ಕುಂತಾಗ ಹಿಂಗ ಅತ್ತಿದ್ದಿ. ನೀನ ಖರೆ.”

ಚೆಲ್ಲಿದ ಹಾಲು ನನ್ನ ಸೀರೆಯ ಅಂಚಿಗೆ ಬರುತ್ತಿತ್ತು.

“ಮಾತಾಡೂವಾಗ ಆಕಿ ಭಾಳ ಗಟ್ಟಿಗಿತ್ತಿ, ನನಗ ಅಂಜಿಕಿ ಬರತಿತ್ತು,” ಎಂದರು. “ಅತ್ತಾಗಷ್ಟ ನಮ್ಮಾಕಿ ಅನಸ್ತಿದ್ಲು. ನಾನೂ ಕೂಡಿ ಅಳತಿದ್ದೆ.”

ಸೆರಗಿನಿಂದ ಮುಖ ಒರೆಸಿಕೊಂಡು ಅವರು ಕೇಳಿದರು: “ಹತ್ತ ದಿನಾ ಆತು, ಸೀರಿಯಲ್ಲಿನ ಹೆಸರೀಲೇ ಕರಿಯಾಕತ್ತೀನಿ. ನಿನ್ನ ಹೆಸರೇನವ್ವ?”

ನಾನು ಮತ್ತೆ ಕುರ್ಚಿಯ ಹಿಂದೆ ನೋಡಿದೆ. ಯಾರೂ ಹೇಳಿಕೊಡಲಿಲ್ಲ. ನನ್ನ ಹೆಸರನ್ನು ನಾನೇ ಹೇಳಿದೆ.