ಅರ್ಧಕ್ಕೆ ನಿಂತ ‘ಅದೀನಿ’

ಕಾಸಿಂ ಕಾಕಾ, ನಮ್ಮ ಮನೆತನದ ಕಥೆಯಿಂದ ನಿನ್ನ ಹೆಸರನ್ನು ತೆಗೆಸಿದವನು ನಾನೇ. ಮನೆಮನೆಗೆ ಬಂದು ವಂಶಾವಳಿ ಹೇಳುವ ಹೆಳವಪ್ಪ ಮರೆತದ್ದಲ್ಲ. ಅವನಿಗೆ ವಯಸ್ಸಾಗಿತ್ತು, ನಾಲಿಗೆ ತಪ್ಪಿತು ಎಂದು ಕೇಳಿದವರಿಗೆಲ್ಲ ಹೇಳಿಕೊಂಡು ಬಂದೆನಲ್ಲ — ಅದೂ ಸುಳ್ಳು.

ನೀನು ಮಣ್ಣಾಗಿ ಎಷ್ಟೋ ವರ್ಷವಾಯಿತು. ಈಗ ಹೇಳಿ ಏನು ಬಂತು? ಏನೂ ಬರಲಿಕ್ಕಿಲ್ಲ. ಆದರೆ ನಮ್ಮ ಮೊಮ್ಮಕ್ಕಳಿಗೆ ನೀನು ಯಾರೆಂದೇ ಗೊತ್ತಿಲ್ಲ. ಆದ್ದರಿಂದ ನೀನು ಯಾರೆಂದು ಮೊದಲು ಹೇಳುತ್ತೇನೆ, ನಾನು ಮಾಡಿದ್ದನ್ನು ಆಮೇಲೆ.

ನೀನು ಹೊಳೆಯಾಚೆಯ ನಿಜಾಮರ ಸೀಮೆಯಿಂದ ಬಂದವನು. ಜೊತೆಗೆ ಬಂದದ್ದು ಒಂದು ದಬ್ಬಣ, ಒಂದು ಮೇಣದುಂಡೆ. ಬಳ್ಳಾರಿಯಲ್ಲಿ ದಂಡು ಇದೆ, ದಂಡಿಗೆ ಡೇರೆ ಬೇಕು — ಇಷ್ಟನ್ನೇ ನಂಬಿ ಕೌಲ್ ಬಜಾರಿನ ಒಂದು ಹಾಳು ಕಟ್ಟೆಯ ಮೇಲೆ ಕುಳಿತು ಹೊಲಿಯಲು ಶುರುಮಾಡಿದೆ. ದಾಯಾದಿಗಳ ಜಗಳದಲ್ಲಿ ತೆಕ್ಕಲಕೋಟೆ ಬಿಟ್ಟು ಬಂದ ನಮ್ಮಪ್ಪ ಶಿವಲಿಂಗಪ್ಪ ಆ ಕಟ್ಟೆಗೇ ಬಂದು ಕುಸಿದು ಕುಳಿತನಂತೆ. ಯಾರು, ಎತ್ತ ಎಂದು ನೀನು ಕೇಳಲಿಲ್ಲ. ಕತ್ತರಿ ಕೈಗೆ ಕೊಟ್ಟೆ. ಅಪ್ಪ ಬಟ್ಟೆ ಕತ್ತರಿಸಿದ, ನೀನು ಹೊಲಿದೆ. ಹಾಳು ಕಟ್ಟೆ ಅಂಗಡಿಯಾಯಿತು. ನಾನಿನ್ನೂ ತೊದಲುತ್ತಿದ್ದಾಗ ಅಪ್ಪ ವಾಂತಿಭೇದಿಯಲ್ಲಿ ಹೋದ. ನೀನು ನಮ್ಮವ್ವನನ್ನು ತಂಗಿ ಎಂದು ಕರೆದೆ, ಸಾಯುವ ತನಕ ಹಾಗೇ ಕರೆದೆ. ನಿನಗೆಂದು ಹೆಂಡತಿ ಮಕ್ಕಳನ್ನು ನೀನು ಕಟ್ಟಿಕೊಳ್ಳಲೇ ಇಲ್ಲ.

ಹೊಸ ಡೇರೆ ಆದಾಗಲೆಲ್ಲ ಅದನ್ನು ಅಂಗಳದಲ್ಲಿ ನಿಲ್ಲಿಸಿ, ನನ್ನನ್ನು ಒಳಗೆ ಕೂರಿಸಿ, ಮೇಲೆ ಕೊಡಗಟ್ಟಲೆ ನೀರು ಸುರಿಯುತ್ತಿದ್ದೆ. “ಒಂದ ಹನಿ ಬಿದ್ರೂ ಹೇಳಲೇ ಮಲ್ಲೇಶಿ, ಪೂರಾ ಬಿಚ್ಚಿ ಹೊಲಿತೀನಿ!” ಹನಿ ಬೀಳುತ್ತಿರಲಿಲ್ಲ. ನನಗೆ ಒಳಗೊಳಗೇ ನಿರಾಸೆ, ನೆನೆಯಬೇಕೆಂದು ಆಸೆ. ನಿನ್ನ ಹೊಲಿಗೆಯ ಕೆಳಗೆ ಒಂದು ದಿನವೂ ನೆನೆಯದೆ ಬೆಳೆದೆ ಕಾಕಾ, ಅಂಥವನು ನಾನು.

ಸುಗ್ಗಿ ಮುಗಿದ ಮೇಲೆ ನಮ್ಮ ಹೆಳವಪ್ಪ ಗಂಟೆ ಕಟ್ಟಿದ ಎತ್ತಿನ ಮೇಲೆ ಬರುತ್ತಿದ್ದ. ಬಾಗಿಲಲ್ಲಿ ನಿಂತು ಮೂಲಪುರುಷನಿಂದ ತೊಟ್ಟಿಲ ಕೂಸಿನ ತನಕ ಹೆಸರು ಹೇಳುತ್ತಿದ್ದ. ಅಪ್ಪನ ಹೆಸರು ಆದ ಮೇಲೆ ಕೇಳುತ್ತಿದ್ದ — “ಬಳ್ಳಾರಿ ಗುಡ್ಡದ ಕೆಳಗ ಈ ಮನಿಗೆ ನೆಲಿ ಕೊಟ್ಟಾವ್ರು ಯಾರು? ಕಾಸಿಂಸಾಬ!” ಮೊದಲ ಸಲ ಅದನ್ನು ಕೇಳಿದಾಗ ನೀನು ಹೊಲಿಗೆಯಿಂದ ತಲೆಯೆತ್ತಿ, ದಂಡಿನಲ್ಲಿ ಸಿಪಾಯಿಗಳು ಹಾಜರಿ ಹೇಳುವಂತೆ “ಅದೀನಿ!” ಎಂದು ಕೂಗಿದೆಯಂತೆ. ಎಲ್ಲರೂ ಬಿದ್ದು ಬಿದ್ದು ನಕ್ಕರು. ಆವತ್ತಿನಿಂದ ನಮ್ಮ ಮನೆಗೆ ಅದೇ ರೂಢಿಯಾಯಿತು. ಹೆಳವಪ್ಪ ಹೆಸರು ಹೇಳಿದರೆ ಬದುಕಿದ್ದವರು “ಅದೀನಿ” ಎನ್ನಬೇಕು. ಅನ್ನದವರನ್ನು ಅವನು ಸತ್ತವರ ಸಾಲಿಗೆ ಸೇರಿಸಿ ಮುಂದೆ ಹೋಗುತ್ತಾನೆ. ಚಿಕ್ಕವನಿದ್ದಾಗ ನನ್ನ ಹೆಸರು ಬಂದ ಕೂಡಲೇ ಹೆದರಿ ಕಿರುಚುತ್ತಿದ್ದೆ.

ನನಗೆ ಕುರುಗೋಡಿನಿಂದ ಹೆಣ್ಣು ಬಂತು. ಹೆಣ್ಣಿನ ತಂದೆ ರೂಢಿಯಂತೆ ಹೇಳಿ ಕಳಿಸಿದ್ದರು: ಹೆಳವಪ್ಪನ ಬಾಯಲ್ಲಿ ನಿಮ್ಮ ಮನೆತನ ಕೇಳಿ, ಆಮೇಲೆ ವೀಳ್ಯ. ಮನೆತನದ ನಡುವೆ ಒಬ್ಬ ಸಾಬ — ಅವರು ಎದ್ದು ಹೋದರೆ? ಹೀಗೆಂದು ನನಗೆ ಯಾರೂ ಹೇಳಿರಲಿಲ್ಲ. ನಾನೇ ಯೋಚಿಸಿದೆ, ನಾನೇ ಹೆದರಿದೆ, ನಾನೇ —

ಹೆಳವಪ್ಪ ಆಗ ಸಿರುಗುಪ್ಪದಲ್ಲಿ ಬೀಡುಬಿಟ್ಟಿದ್ದ. ಗಾಡಿ ಕಟ್ಟಿಕೊಂಡು ಅಲ್ಲಿಗೆ ಹೋದೆ. ಬರಿಗೈಲಿ ಹೋಗಲಿಲ್ಲ, ಒಂದು ಸಣ್ಣ ಡೇರೆ ಒಯ್ದಿದ್ದೆ. ಸಿರಿಗೇರಿಯ ಗಿರಾಕಿಗೆ ಎಂದು ಸುಳ್ಳು ಹೇಳಿ ನಿನ್ನ ಕೈಲೇ ಹೊಲಿಸಿದ್ದು ಕಾಕಾ! “ಗಿರಾಕಿ ಚಲೋ ಮನುಷ್ಯಾ ಅದಾನೇನು?” ಎಂದು ಕೇಳಿ ಅಂಚಿಗೆ ಇನ್ನೊಂದು ಸುತ್ತು ಹೊಲಿಗೆ ಹಾಕಿದ್ದೆ ನೀನು.

ಹೆಳವಪ್ಪ ಬಹಳ ಹೊತ್ತು ಡೇರೆಯನ್ನು ಸವರಿದ. ಆಮೇಲೆ ಅಂದ, “ಹೆಸರು ಬಿಡಾಕ ಬರತೈತಿ ತಮ್ಮಾ. ಮತ್ತ ಹಚ್ಚಾಕ ಬರಂಗಿಲ್ಲ, ನೋಡ್ಕೋ.”

“ಹೆಸರು ಬಿಡ್ರಿ” ಎಂದೆ. ಅಷ್ಟೇ.

ಕುರುಗೋಡಿನವರು ಬಂದ ದಿನ ನೀನು ಒಗೆದ ಅಂಗಿ ತೊಟ್ಟು, ಕಟ್ಟೆಯ ಮೇಲೆ ನಿನ್ನ ಜಾಗದಲ್ಲೇ ಕುಳಿತಿದ್ದೆ. ಹೆಳವಪ್ಪನ ಎತ್ತು ಬಂತು, ಅದರ ಬೆನ್ನಿನ ಮೇಲೆ ಮಡಿಸಿದ ಡೇರೆ. “ಅರೆ, ಇದು ನಂದ ಹೊಲಿಗಿ!” ಎಂದು ನೀನು ಮಗುವಿನಂತೆ ಖುಷಿಪಟ್ಟೆ. ನಾನು ಹೆಗಲು ಮುಟ್ಟಿ ನೋಡಿಕೊಂಡ ಕುಂಬಳಕಾಯಿ ಕಳ್ಳ, ಬೀಗರಿಗೆ ನೀರು ತರುವ ನೆಪದಲ್ಲಿ ಎದ್ದೆ.

ಹೆಳವಪ್ಪ ಶುರುಮಾಡಿದ. ಅಜ್ಜ, ಮುತ್ತಜ್ಜ, ಅಪ್ಪ. “ಬಳ್ಳಾರಿ ಗುಡ್ಡದ ಕೆಳಗ ಈ ಮನಿಗೆ ನೆಲಿ ಕೊಟ್ಟಾವ್ರು ಯಾರು?”

ನೀನು ಆಗಲೇ ಬೆನ್ನು ನೆಟ್ಟಗೆ ಮಾಡಿದ್ದೆ, ಬಾಯಿ ತೆರೆದಿದ್ದೆ.

“ಅದೀ—”

“ಶಿವಲಿಂಗಪ್ಪ!” ಎಂದ ಹೆಳವಪ್ಪ.

ಸತ್ತವರ ಹೆಸರಿಗೆ ಯಾರೂ ಓಗೊಡುವಂತಿಲ್ಲ. ಅಂಗಳದಲ್ಲಿ ನಿನ್ನ ಅರ್ಧ ಮಾತೊಂದೇ ಉಳಿಯಿತು. ನೀನು ಎತ್ತಿನ ಮೇಲಿದ್ದ ಡೇರೆ ನೋಡಿದೆ. ಆಮೇಲೆ ನೀರಿನ ತಂಬಿಗೆ ಹಿಡಿದು ಬಾಗಿಲಲ್ಲಿ ನಿಂತಿದ್ದ ನನ್ನನ್ನು ನೋಡಿದೆ. ಬೀಗರು ನಿನ್ನ ಕಡೆ ತಿರುಗುತ್ತಿದ್ದಾರೆ ಎನ್ನುವಾಗ ಆ ಮಾತನ್ನು ನೀನೇ ಎತ್ತಿಕೊಂಡೆ.

“ಅದೀ... ಅದ ಖರೇ ಬಿಡ್ರಿ! ಶಿವಲಿಂಗಪ್ಪನಂಥಾ ಮನುಷ್ಯಾ ಹುಟ್ಟಂಗಿಲ್ಲ.”

ಬೀಗರು ತಲೆದೂಗಿದರು. ನೀನು ಎದ್ದು, ಹೊದೆದಿದ್ದ ಹೊಸ ಕಂಬಳಿಯನ್ನು ಹೆಳವಪ್ಪನಿಗೆ ಹೊದಿಸಿ, “ಚಲೋ ಹೇಳಿದಿ” ಎಂದೆ. ನಿನ್ನ ಹೆಸರು ಕಿತ್ತವನನ್ನು ಬೀಗರ ಎದುರು ಉಳಿಸಿದವನೂ ನೀನೇ. ಅಂಥ ಮನುಷ್ಯನನ್ನು ನಾನು ಮತ್ತೆ ನೋಡಿಲ್ಲ, ನೋಡುವುದೂ ಇಲ್ಲ.

ಆಮೇಲೆ ನೀನು ಒಂದು ದಿನವೂ ಅದರ ಸುದ್ದಿ ಎತ್ತಲಿಲ್ಲ. ಬೈದಿದ್ದರೆ ಕಾಲು ಹಿಡಿಯುತ್ತಿದ್ದೆನೋ ಏನೋ. ಹೆಳವಪ್ಪನ ಎತ್ತಿನ ಗಂಟೆ ಕೇಳಿದರೆ ಮಾತ್ರ ನೀನು ಎದ್ದು ಹಿತ್ತಲಿಗೆ ಹೋಗಿ ಬಟ್ಟೆ ನೆನೆಹಾಕುತ್ತಿದ್ದೆ. ನಾನು “ಅದೀನಿ” ಎನ್ನುವುದು ಹಿತ್ತಲಿಗೂ ಕೇಳಿಸುತ್ತಿತ್ತು.

ನೀನು ಹೋದ ಮೇಲೆ ಒಮ್ಮೆ ಮಾತಿಗೆ ಮಾತು ಬಂದು ನನ್ನ ಹೆಂಡತಿ ಗೌರವ್ವ ಅಂದಳು, “ನಮ್ಮೂರಾಗ ನೀವು ಶಿವಲಿಂಗಪ್ಪನ ಮಗಾ ಅಂತ ಯಾರಿಗೆ ಗೊತ್ತಿತ್ತ್ರಿ? ಕಾಸಿಂಸಾಬ ಸಾಕಿದ ಹುಡುಗ ಅಂದ್ರ ಸುಳ್ಳಾಡಂಗಿಲ್ಲ ಅಂತ ನಮ್ಮಪ್ಪ ಹೆಣ್ಣು ಕೊಟ್ಟ.” ನಾನು ಉಣ್ಣುತ್ತಿದ್ದೆ. ಅರ್ಧಕ್ಕೇ ಎದ್ದು ಕೈ ತೊಳೆದೆ.

ಈಗ ಹೆಳವಪ್ಪನ ಮಗ ಬರುತ್ತಾನೆ. ಅಪ್ಪ ಕಲಿಸಿದ್ದನ್ನು ಒಪ್ಪಿಸುತ್ತಾನೆ. ನಿನ್ನ ಹೆಸರು ಸೇರಿಸು ಎಂದು ಅವನ ಕೈ ಹಿಡಿದು ಕೇಳಿದೆ. “ಅಪ್ಪ ಹೇಳಿದ್ದಕ್ಕ ಒಂದಕ್ಷರ ಹಚ್ಚಿದ್ರ ನನ್ನ ನಾಲಿಗಿ ಸುಳ್ಳಾಗತೈತ್ರಿ” ಅಂದ. ಅವನದು ತಪ್ಪಲ್ಲ. ಮಕ್ಕಳಿಲ್ಲದ ನಿನಗೆ ಉಳಿದಿದ್ದದ್ದು ಆ ಬಾಯೊಂದೇ, ಅದನ್ನು ಮುಚ್ಚಿಸಿದವನು ನಾನು.

ಸುಗ್ಗಿ ಮುಗಿಯುತ್ತಾ ಬಂತು. ಅವನು ಬಂದಾಗ ನಿನ್ನ ಕಟ್ಟೆಯ ಮೇಲೆ ಕುಳಿತುಕೊಳ್ಳುತ್ತೇನೆ. ಮಕ್ಕಳು, ಸೊಸೆಯರು, ಬೀಗರು ಎಲ್ಲರನ್ನೂ ಕರೆಸಿದ್ದೇನೆ. ನನ್ನ ಹೆಸರು ಬರುತ್ತದೆ, ಎಲ್ಲರೂ ನನ್ನ ಕಡೆ ನೋಡುತ್ತಾರೆ, ನಾನು ಬಾಯಿ ಬಿಡುವುದಿಲ್ಲ. ಯಾಕೆಂದು ಕೇಳಿದರೆ ಇಲ್ಲಿ ಬರೆದದ್ದನ್ನೆಲ್ಲ ಹೇಳುತ್ತೇನೆ. ಅವನ ಬಾಯಲ್ಲಿ ನಿನ್ನ ಹೆಸರು ಬರುವ ತನಕ ನಾನು “ಅದೀನಿ” ಎನ್ನುವುದಿಲ್ಲ ಕಾಕಾ. ಸತ್ತವರ ಸಾಲಿಗೆ ಸೇರಿಸಿದರೆ ಸೇರಿಸಲಿ.